ಮರೆತ ಜಾಗಗಳ ಮಾತು ಪೂರ್ತಿ ಉಳಿಯಲಿ

ಮಾನ್ಯರೇ,

ನಗರಗಳ ಮರೆತುಹೋದ ಜಾಗಗಳ ಬಗ್ಗೆ ಬರುವ ಸಾಕ್ಷ್ಯಚಿತ್ರಗಳಲ್ಲಿ ಪಾಳು ಗೋಡೆಗಳೇ ಜಾಸ್ತಿ, ಅಲ್ಲಿ ಬದುಕಿ ದುಡಿದವರ ಮಾತು ಕಡಿಮೆ. ಡ್ರೋನ್ ಮೇಲೆ ಹಾರುತ್ತದೆ, ಸಂಗೀತ ಮೊಳಗುತ್ತದೆ. ಜಾಗ ಯಾಕೆ ಪಾಳುಬಿತ್ತು ಅನ್ನೋದು ಮಾತ್ರ ತಿಳಿಯುವುದಿಲ್ಲ.

ನ್ಯೂಯಾರ್ಕಿನ ಸಿಟಿ ಹಾಲ್ ಸುರಂಗ ರೈಲು ನಿಲ್ದಾಣವನ್ನೇ ನೋಡಿ. 1904ರಲ್ಲಿ ಶುರುವಾಗಿ 1945ರಲ್ಲಿ ಮುಚ್ಚಿತು. ಕ್ಯಾಮೆರಾಗಳಿಗೆ ಅದರ ಚೆಂದದ ಕಮಾನುಗಳ ಮೇಲೆಯೇ ಕಣ್ಣು. ನಿಜವಾದ ಕತೆ ಇರುವುದು ಪ್ಲಾಟ್‌ಫಾರಂನ ತಿರುವಿನಲ್ಲಿ. ಹೊಸ ಉದ್ದನೆಯ ರೈಲು ಅಲ್ಲಿ ನಿಂತರೆ ನಡುಬಾಗಿಲ ಮುಂದೆ ಅಪಾಯದ ಸಂದು ಉಳಿಯುತ್ತಿತ್ತು. ಆ ಸಂದನ್ನು ಹತ್ತಿರದಿಂದ ತೋರಿಸಿದರೆ ಸಾಕು, ನಿಲ್ದಾಣ ಮುಚ್ಚಿದ್ದು ಯಾಕೆಂದು ಮಕ್ಕಳಿಗೂ ಅರ್ಥವಾಗುತ್ತದೆ.

ಇಂಥ ಸೂಕ್ಷ್ಮ ಗೊತ್ತಿರುವುದು ಆಯಾ ಜಾಗದ ಹಿರಿಯರಿಗೆ. ಅವರ ಮಾತನ್ನು ಗಂಟೆಗಟ್ಟಲೆ ಚಿತ್ರೀಕರಿಸಿ, ಎರಡು ನಿಮಿಷ ಬಳಸಿ, ಉಳಿದದ್ದನ್ನು ಹಾರ್ಡ್ ಡಿಸ್ಕಿನಲ್ಲಿ ಸುಮ್ನೆ ಬಿಡುವುದು ಅನ್ಯಾಯ ಅಲ್ವಾ? ಡಿಸ್ಕ್ ಕೆಟ್ಟರೆ ಎಲ್ಲವೂ ಹೋಯಿತು.

ಚಿತ್ರ ಮಾಡುವವರು ಕತ್ತರಿ ಹಾಕದ ಸಂದರ್ಶನಗಳನ್ನು, ಮಾತಾಡಿದವರ ಒಪ್ಪಿಗೆ ಪಡೆದು, ದಿನಾಂಕ ಮತ್ತು ಸ್ಥಳದ ವಿವರದೊಂದಿಗೆ ಸಾರ್ವಜನಿಕ ಗ್ರಂಥಾಲಯಕ್ಕೋ ಪತ್ರಾಗಾರಕ್ಕೋ ಕೊಡಲಿ. ಇಂಥ ಚಿತ್ರಗಳಿಗೆ ಹಣ ಕೊಡುವ ಸಂಸ್ಥೆಗಳು ಮೊದಲೇ ಈ ಷರತ್ತು ಹಾಕಲಿ.