ಮಗ ಆಟ ನಿಲ್ಲಿಸಿದ, ಕೆಲವರಿಗೆ ಥ್ಯಾಂಕ್ಸ್ ಹೇಳೋದಿದೆ

ನಮ್ಮ ಮಗ ಈ ಬೇಸಿಗೆಗೆ ಇಲ್ಲಿ ಇಂಗ್ಲೆಂಡಿನಲ್ಲಿ ಫುಟ್‌ಬಾಲ್ ಆಡೋದು ನಿಲ್ಲಿಸಿದ. ಈಗ ಅವನಿಗೆ ಮೂವತ್ತಮೂರು. ಕ್ಲಬ್‌ನವರು ನಾಲ್ಕು ಸಾಲು ಹಾಕಿ ಶುಭ ಹಾರೈಸಿದರು. ಅವನಂತೂ ಇಂಥದ್ದೆಲ್ಲ ಬರೆಯುವವನಲ್ಲ. ಹಾಗಾಗಿ ಅಮ್ಮ ಬರೆಯುತ್ತಿದ್ದಾಳೆ ಅಂದುಕೊಳ್ಳಿ.

ಊರಿಗೆ ಹೋದಾಗಲೆಲ್ಲ ನೆಂಟರದು ಒಂದೇ ಪ್ರಶ್ನೆ. "ಮ್ಯಾಂಚೆಸ್ಟರ್ ಯುನೈಟೆಡ್ ಸೇರೋದು ಯಾವಾಗ?" ಅವನು ನಗುತ್ತಿದ್ದ, ನಾನು ಒಳಗೊಳಗೇ ಉರಿಯುತ್ತಿದ್ದೆ. ಟೀವಿಯಲ್ಲಿ ನೀವು ನೋಡೋದು ಪ್ರೀಮಿಯರ್ ಲೀಗ್‌ನ 20 ಕ್ಲಬ್. ಅದರ ಕೆಳಗೆ ಮೂರು ಮೆಟ್ಟಿಲಲ್ಲಿ ಇನ್ನೂ 72 ಕ್ಲಬ್‌ಗಳಿವೆ. ಅದಕ್ಕೂ ಕೆಳಗೆ ನ್ಯಾಷನಲ್ ಲೀಗ್. ನಮ್ಮವನು ಆಡಿದ್ದೆಲ್ಲ ಲೀಗ್ ಒನ್, ಲೀಗ್ ಟೂ (ಆ ಮೂರರಲ್ಲಿ ಕೆಳಗಿನ ಎರಡು ಮೆಟ್ಟಿಲು), ಕೊನೆಕೊನೆಗೆ ನ್ಯಾಷನಲ್ ಲೀಗ್. ಮಿಡ್‌ಫೀಲ್ಡರ್. ಗೋಲು ಹೊಡೆದು ಹೆಸರು ಮಾಡುವ ಜಾಗವಲ್ಲ ಅದು. ಎದುರಾಳಿಯ ಕಾಲಿಂದ ಚೆಂಡು ಕಸಿದು ನಮ್ಮವರಿಗೆ ಕೊಡುವ ಕೆಲಸ. ಸೀಸನ್‌ಗೆ ಲೀಗ್‌ನಲ್ಲೇ 46 ಮ್ಯಾಚ್, ಕಪ್ ಪಂದ್ಯಗಳು ಬೇರೆ. ಕಾಂಟ್ರಾಕ್ಟ್ ಹೆಚ್ಚಾಗಿ ಒಂದೇ ವರ್ಷದ್ದು, ಜೂನ್ 30ಕ್ಕೆ ಮುಗಿಯುತ್ತದೆ. ಯಾರನ್ನು ಇಟ್ಟುಕೊಳ್ಳುತ್ತೇವೆ, ಯಾರನ್ನು ಬಿಡುತ್ತೇವೆ ಅಂತ ಕ್ಲಬ್‌ಗಳು ಮೇ ತಿಂಗಳಲ್ಲಿ ಪಟ್ಟಿ ಹಾಕುತ್ತವೆ. ನಮ್ಮ ಮನೆಯಲ್ಲಿ ಪ್ರತಿ ಮೇ ಎಸ್ಸೆಸ್ಸೆಲ್ಸಿ ರಿಸಲ್ಟ್ ಇದ್ದ ಹಾಗೆ. ಹೀಗೆ ಮೂವತ್ತು ದಾಟುವವರೆಗೆ ಆಟದಲ್ಲೇ ಅನ್ನ ಸಂಪಾದಿಸಿದ. ನನಗೆ ಅದು ದೊಡ್ಡದು.

ಮೊದಲು ಒಟ್ಟಿಗೇ ಹೇಳಿಬಿಡುತ್ತೇನೆ. ಶಾಲೆಯ ಪಿಟಿ ಮೇಷ್ಟ್ರಿಗೆ, ಒಂದು ಅಕಾಡೆಮಿ ಬೇಡ ಅಂದ ಮೇಲೂ ಕರೆದು ನೋಡಿದ ಕೋಚ್‌ಗೆ, ಮಂಗಳವಾರಗಳಂದು ನನ್ನ ಶಿಫ್ಟ್ ತಾವು ಮಾಡಿದ ಆಸ್ಪತ್ರೆ ವಾರ್ಡಿನ ಗೆಳತಿಯರಿಗೆ, ಗ್ಯಾಲರಿಯಲ್ಲಿ "ಹೊಡಿ ಮಗನೇ" ಅಂತ ಕನ್ನಡದಲ್ಲೇ ಕೂಗಿದ ಇಲ್ಲಿನ ಕನ್ನಡ ಬಳಗದವರಿಗೆ, ಎಲ್ಲರಿಗೂ ಥ್ಯಾಂಕ್ಸ್. ನೀವು ಬೇಜಾರು ಮಾಡಿಕೊಳ್ಳಲ್ಲ ಅಂತ ಗೊತ್ತು. ಯಾಕೆಂದರೆ ಮುಂದೆ ಯಾರ ಬಗ್ಗೆ ಬರೆಯುತ್ತೇನೆ ಅಂತ ನಿಮಗೂ ಗೊತ್ತು.

ಹದಿನಾರಕ್ಕೆ ಅವನಿಗೆ ಸ್ಕಾಲರ್‌ಶಿಪ್ ಸಿಕ್ಕಿತು. ಎರಡು ವರ್ಷ ಕ್ಲಬ್‌ನಲ್ಲೇ ತರಬೇತಿ, ಜೊತೆಗೆ ಒಂದಿಷ್ಟು ಓದು. ಕ್ಲಬ್ ಇದ್ದದ್ದು ನಮ್ಮ ಮನೆಯಿಂದ ದೂರದ ಊರಿನಲ್ಲಿ. ಇಂಥ ಹುಡುಗರನ್ನು ಇಲ್ಲಿ ಊರಿನ ಯಾರದಾದರೂ ಮನೆಯಲ್ಲಿ ಇಡುತ್ತಾರೆ. ಮನೆಯವರಿಗೆ ಕ್ಲಬ್ ವಾರಕ್ಕಿಷ್ಟು ಅಂತ ಕೊಡುತ್ತದೆ. ಅವನಿಗೆ ಸಿಕ್ಕಿದ್ದು ಒಬ್ಬ ವಿಧವೆಯ ಮನೆ. ಶಾಲೆಯ ಅಡುಗೆಮನೆಯಲ್ಲಿ ಕೆಲಸ ಮಾಡುತ್ತಿದ್ದರು. ಮೊದಲ ದಿನ ನಾನು ಬಾಗಿಲಲ್ಲೇ ನಿಂತು ಊಟದ ಬಗ್ಗೆ ದೊಡ್ಡ ಪಾಠ ಒಪ್ಪಿಸಿದೆ. ಪೂರ್ತಿ ಕೇಳಿಸಿಕೊಂಡು, "ಅವನು ಹಸಿದಿರಲ್ಲ" ಅಂದರು ಅಷ್ಟೇ. ಅಲ್ಲಿ ಅವನು ಏನೇನು ತಿಂದ ಅಂತ ನಾನು ಕೇಳಲಿಲ್ಲ, ಅವರೂ ಹೇಳಲಿಲ್ಲ. ಹುಡುಗ ಮಾತ್ರ ಎರಡೇ ವರ್ಷದಲ್ಲಿ ಬಾಗಿಲ ಎತ್ತರಕ್ಕೆ ಬೆಳೆದ.

ಆಮೇಲೆ ಅವನು ಬೇರೆ ಕ್ಲಬ್ ಸೇರಿದ, ಇನ್ನೊಂದು ಸೇರಿದ. ಅವರ ಋಣ ಅಲ್ಲಿಗೆ ತೀರಬೇಕಿತ್ತು, ಅಲ್ವಾ? 2016ರ ಜನವರಿಯಲ್ಲಿ ಅದೇ ಊರಿನಲ್ಲಿ ಇವನ ಹೊಸ ತಂಡದ ಮ್ಯಾಚ್ ಇತ್ತು. ಆ ಮ್ಯಾಚ್‌ನಲ್ಲಿ ಅವನ ಮೊಣಕಾಲಿಗೆ ಜೋರು ಪೆಟ್ಟು ಬಿತ್ತು. ಆ ಕಥೆ ನಿಮಗೆಲ್ಲ ಬಾಯಿಪಾಠ, ಮತ್ತೆ ಹೇಳಲ್ಲ. ನಾನೂ ಅವರಪ್ಪನೂ ಶಿವಮೊಗ್ಗದಲ್ಲಿದ್ದೆವು. ಮಾರನೇ ದಿನ ನನ್ನ ಅಪ್ಪನ ವೈಕುಂಠ ಸಮಾರಾಧನೆ. ಅಲ್ಲಿ ಸಂಜೆ ಏಳೂಮುಕ್ಕಾಲಿನ ಮ್ಯಾಚ್ ಅಂದರೆ ನಮಗೆ ರಾತ್ರಿ ಒಂದೂಕಾಲು. ಮನೆ ತುಂಬ ನೆಂಟರು ಮಲಗಿದ್ದರು. ಮೂರು ಗಂಟೆ ಹೊತ್ತಿಗೆ ಫೋನ್ ಬಂತು. ಆ ಕಡೆಯಿಂದ ಆ ಮನೆಯೊಡತಿ.

ಮ್ಯಾಚ್ ನೋಡಲು ಹೋಗಿದ್ದರಂತೆ. ಸ್ಟ್ರೆಚರ್ ನೋಡಿದವರೇ ಎದ್ದು ಆಸ್ಪತ್ರೆಗೆ ಹೊರಟಿದ್ದಾರೆ. ತಂಡದ ಬಸ್ ವಾಪಸ್ ಹೊರಡಬೇಕಿತ್ತು. ಜೊತೆಗೆ ಬಂದಿದ್ದ ಸಿಬ್ಬಂದಿಯೊಬ್ಬರು ಕಾಗದಪತ್ರ ಮುಗಿಸಿ ಹೊರಟರು. ಅವರನ್ನು ಬೈಯಲ್ಲ, ಅವರ ಕೆಲಸ ಅಷ್ಟೇ. ಈ ಹೆಂಗಸಿಗೆ ಆ ಹೊತ್ತಿಗೆ ಯಾರೂ ಒಂದು ಪೆನ್ನಿ ಕೊಡುತ್ತಿರಲಿಲ್ಲ. ಆದರೂ ಬೆಳಗಿನವರೆಗೆ ಕೂತರು.

ನಾನು ಹಿತ್ತಿಲ ಒಗೆಯುವ ಕಲ್ಲಿನ ಮೇಲೆ ಫೋನ್ ಹಿಡಿದು ಕೂತಿದ್ದೆ. ಅವರು ಆಗಾಗ ಮಾಡುತ್ತಿದ್ದರು. ಸಮಾಧಾನದ ಮಾತೇ ಆಡಲಿಲ್ಲ. ಸುಮ್ನೆ ನಡೆದದ್ದನ್ನು ಹೇಳುತ್ತಿದ್ದರು. ಸಾಕ್ಸ್ ಕತ್ತರಿಸಿದರು. ಎಕ್ಸ್‌ರೇಗೆ ಕರೆದುಕೊಂಡು ಹೋದರು. ನೀರು ಕೇಳಿದ, ಸದ್ಯಕ್ಕೆ ಕೊಡಬೇಡಿ ಅಂದಿದ್ದಾರೆ. ಎಡಗಾಲಿನ ಬೂಟು ನನ್ನ ಚೀಲದಲ್ಲಿದೆ, ಕಳೆದುಹೋಗಲ್ಲ. ನರ್ಸ್ ಆಗಿ ಎಷ್ಟೋ ಮನೆಯವರಿಗೆ ನಾನೇ ಫೋನ್ ಮಾಡಿದ್ದೇನೆ. ಹೀಗೆ ಮಾಡಬೇಕು ಅಂತ ನನಗೂ ಗೊತ್ತಿರಲಿಲ್ಲ.

ಬೆಳಕು ಹರಿಯುವ ಮುಂಚೆ ನಾನು ಕುಸಿದೆ. ಅಪ್ಪನೂ ಹೋದ, ಇವನ ಕಾಲೂ ಹೋಯಿತು, ಈ ಆಟವೇ ಬೇಡ, ನೀವೇ ಹೇಳಿ ಬಿಡಿಸಿ ಅಂತ ಅತ್ತೆ. ಆ ಕಡೆ ಸ್ವಲ್ಪ ಹೊತ್ತು ಮಾತಿಲ್ಲ. "ಅದು ಇವತ್ತು ರಾತ್ರಿಯ ಕೆಲಸ ಅಲ್ಲ" ಅಂದರು. ಆಮೇಲೆ ಅವನ ಕಿವಿಗೆ ಫೋನ್ ಹಿಡಿದರು. ಅವನು ಮಂಪರಿನಲ್ಲಿ ಕೇಳಿದ್ದು, "ಅಮ್ಮ, ತಾತನ ಕೆಲಸ ಎಲ್ಲ ಆಯ್ತಾ?" ಅಂತ.

ಬೆಳಗ್ಗೆ ಅವರು ಅಡುಗೆಮನೆ ಕೆಲಸಕ್ಕೆ ರಜೆ ಹೇಳಿದರು. ಆಪರೇಷನ್ ಆದ ಮೇಲೆ ತಮ್ಮ ಮನೆಗೇ ಕರೆದುಕೊಂಡು ಹೋದರು. ನಾನು ಬಂದು ತಲುಪಿದಾಗ ಮಗ ಅವರ ಸೋಫಾದಲ್ಲಿ ಕಾಲು ಚಾಚಿ ಕ್ವಿಜ್ ಶೋ ನೋಡುತ್ತಿದ್ದ. ದುಡ್ಡು ಕೊಡಲು ಹೋದೆ. ಬೈಸಿಕೊಂಡೆ.

2020 ಇನ್ನೊಂದು ಕಷ್ಟದ ವರ್ಷ. ಕೋವಿಡ್ ಬಂತು. ಜೂನ್ 9ರಂದು ಲೀಗ್ ಒನ್, ಲೀಗ್ ಟೂ ಕ್ಲಬ್‌ಗಳು ಸೀಸನ್ನನ್ನು ಅಲ್ಲಿಗೇ ಮುಗಿಸಲು ಮತ ಹಾಕಿದವು. ಅವನ ಕಾಂಟ್ರಾಕ್ಟೂ ಮುಗಿಯಿತು. ಆಗಸ್ಟ್‌ನಲ್ಲಿ ಸಂಬಳಕ್ಕೆ ಮಿತಿ ಹಾಕಿದರು, ಲೀಗ್ ಟೂ ಕ್ಲಬ್ ಒಂದಕ್ಕೆ ವರ್ಷಕ್ಕೆ 15 ಲಕ್ಷ ಪೌಂಡ್. ಅಷ್ಟರಲ್ಲಿ ಇಡೀ ತಂಡ ಸಾಕಬೇಕು. ಇಪ್ಪತ್ತೆಂಟರ, ಆಪರೇಷನ್ ಆದ ಮಿಡ್‌ಫೀಲ್ಡರ್ ಯಾರಿಗೆ ಬೇಕು? ಆಟಗಾರರ ಸಂಘ ಪಿಎಫ್‌ಎ ಹೋರಾಡಿ 2021ರ ಫೆಬ್ರವರಿಯಲ್ಲಿ ಆ ಮಿತಿಯನ್ನು ತೆಗೆಸಿತು. ಅಲ್ಲಿಯವರೆಗೆ ಇವನಿಗೆ ಪಾರ್ಕ್‌ನಲ್ಲಿ ಗೋಲ್‌ಕೀಪರ್ ಆಗಿ ನಿಂತವರು ಅವರಪ್ಪ. ಜೀವನದಲ್ಲಿ ಚೆಂಡು ಹಿಡಿದವರಲ್ಲ. ಕನ್ನಡಕ ಒಡೆದುಕೊಂಡರು. ಇವರಿಗೂ ಥ್ಯಾಂಕ್ಸ್, ಮನೆಯಲ್ಲಿ ಹೇಳೋದು ಕಷ್ಟ.

"ನಮ್ಮವರಿಗೆ ಇದೆಲ್ಲ ಆಗಿಬರಲ್ಲ" ಅಂದವರಿಗೆ ಉತ್ತರ ಹುಡುಕಿದವರೂ ಇವರೇ. ಭುಸಾವಲ್‌ನಲ್ಲಿ ಹುಟ್ಟಿದ ರಿಕಿ ಹೆಪ್ಪೊಲೆಟ್ ಅಂತೊಬ್ಬರಿದ್ದರು. ಅವರೂ ಮಿಡ್‌ಫೀಲ್ಡರ್. 1971ರಲ್ಲಿ ಮೂರನೇ ಡಿವಿಷನ್ ಗೆದ್ದ ಪ್ರೆಸ್ಟನ್ ತಂಡದಲ್ಲಿದ್ದರು. ಆಮೇಲೆ ಓರಿಯಂಟ್, ಕ್ರಿಸ್ಟಲ್ ಪ್ಯಾಲೇಸ್, ಚೆಸ್ಟರ್‌ಫೀಲ್ಡ್ ಅಂತ ಊರೂರು ಸುತ್ತಿ ಆಡಿದರು. ನಮ್ಮ ಬೆಂಗಳೂರಿನಲ್ಲೇ ಹುಟ್ಟಿದ ಪಾಲ್ ವಿಲ್ಸನ್ 1975ರ ಸ್ಕಾಟಿಷ್ ಕಪ್ ಫೈನಲ್‌ನಲ್ಲಿ ಸೆಲ್ಟಿಕ್‌ಗೆ ಎರಡು ಗೋಲು ಹೊಡೆದವರು. ಆ ಇಬ್ಬರ ಹೆಸರು ಬಹಳ ದಿನ ನಮ್ಮ ಫ್ರಿಜ್ಜಿನ ಮೇಲೆ ಅಂಟಿಕೊಂಡಿತ್ತು. ಅವರಿಗೂ ನಮಸ್ಕಾರ.

ಫಾರೆಸ್ಟ್ ಗ್ರೀನ್ ರೋವರ್ಸ್ ಕ್ಲಬ್ಬಿಗೆ ನನ್ನದೊಂದು ಬೇರೆ ಥ್ಯಾಂಕ್ಸ್. ಅಲ್ಲಿ ಮೈದಾನದ ಊಟವೆಲ್ಲ ವೀಗನ್, ಅಂದರೆ ಮಾಂಸ, ಮೊಟ್ಟೆ, ಹಾಲು ಯಾವುದೂ ಇಲ್ಲ. ಒಳಗೇನಿದೆ ಅಂತ ಕೇಳದೆ ನಾನು ಪೈ ತಿಂದದ್ದು ಅಲ್ಲೊಂದೇ ಕಡೆ. ಬೇರೆಡೆಯೆಲ್ಲ ನನಗೆ ಚಿಪ್ಸೇ ಗತಿ.

ಸೆಪ್ಟೆಂಬರ್‌ನಿಂದ ಅವನು ಸಾಲ್ಫರ್ಡ್‌ನಲ್ಲಿ ಫಿಸಿಯೊಥೆರಪಿ ಓದುತ್ತಾನೆ. ಆಟ ಬಿಟ್ಟ ಎಷ್ಟೋ ಜನ ಹಿಡಿದ ದಾರಿ ಅದು. ಡಿಸೆಂಬರ್‌ನಲ್ಲಿ ಶಿವಮೊಗ್ಗದಲ್ಲಿ ನನ್ನ ತಂಗಿಯ ಮಗಳ ಮದುವೆಯಿದೆ. ಆ ಮನೆಯೊಡತಿಗೆ ಟಿಕೆಟ್ ಮಾಡಿಸಿದ್ದೇವೆ. ಈ ಸಲ ಬೈಯಲಿಲ್ಲ, ಸೀರೆಗೆ ಯಾವ ಚಪ್ಪಲಿ ಹಾಕಬೇಕು ಅಂತ ಕೇಳಿದರು. ನೆಂಟರಲ್ಲಿ ಒಂದು ಕೋರಿಕೆ: ಅವರ ಹತ್ತಿರ ಮಾತ್ರ ಮ್ಯಾಂಚೆಸ್ಟರ್ ಯುನೈಟೆಡ್ ಸುದ್ದಿ ಎತ್ತಬೇಡಿ. ನನ್ನಷ್ಟು ತಾಳ್ಮೆ ಅವರಿಗಿಲ್ಲ.