ಧ್ರುವಪ್ರಭೆಯ ಚಿತ್ರಗಳ ಕುರಿತು ಸದಸ್ಯರಿಗೆ ಸೂಚನೆ

ಆತ್ಮೀಯ ಸದಸ್ಯರೇ, ಧ್ರುವಪ್ರದೇಶಗಳ ರಾತ್ರಿಯಾಗಸದಲ್ಲಿ ಮೂಡುವ ಬೆಳಕಾದ ಧ್ರುವಪ್ರಭೆಯ (ಅರೋರಾ) ಬಣ್ಣಕ್ಕಿಂತ ಅದರ ಹಿಂದಿನ ವಿದ್ಯುತ್ ಪ್ರವಾಹವೇ ದೊಡ್ಡ ಅಚ್ಚರಿಯೆಂಬುದು ನನ್ನ ಅಭಿಪ್ರಾಯ. ಸೌರಮಾರುತದಿಂದ (ಸೂರ್ಯನಿಂದ ಹೊಮ್ಮುವ ವಿದ್ಯುದಾವಿಷ್ಟ ಕಣಗಳ ಹರಿವು) ಭೂಮಿಯ ಕಾಂತಗೋಳಕ್ಕೆ (ಭೂಮಿಯ ಕಾಂತಕ್ಷೇತ್ರದ ಹಿಡಿತದಲ್ಲಿರುವ ಬಾಹ್ಯಾಕಾಶದ ಭಾಗ) ಒದಗಿದ ಶಕ್ತಿಯು ಕಾಂತರೇಖೆಗಳ ಗುಂಟ ಹರಿಯುವ ವಿದ್ಯುತ್ತಾಗಿ ಧ್ರುವಪ್ರದೇಶದ ಅಯಾನುಗೋಳಕ್ಕೆ, ಅಂದರೆ ವಿದ್ಯುದಾವಿಷ್ಟ ಕಣಗಳಿರುವ ಮೇಲಿನ ವಾಯುಪದರಕ್ಕೆ, ಇಳಿಯುತ್ತದೆ. ಆ ವಿದ್ಯುತ್ತು ಸುಮಾರು 100 ಕಿಲೋಮೀಟರ್ ಎತ್ತರದಲ್ಲಿ ಅಡ್ಡಲಾಗಿ ಸಾಗಿ, ಮತ್ತೆ ಬಾಹ್ಯಾಕಾಶಕ್ಕೆ ಮರಳುತ್ತದೆ. ನಾರ್ವೆಯ ವಿಜ್ಞಾನಿ ಕ್ರಿಸ್ಟಿಯನ್ ಬಿರ್ಕೆಲಾಂಡ್ 1908ರಲ್ಲೇ ಇದನ್ನು ಊಹಿಸಿದ್ದರೂ ಉಪಗ್ರಹಗಳು ಅದನ್ನು ದೃಢಪಡಿಸಲು ಅರ್ಧ ಶತಮಾನಕ್ಕೂ ಹೆಚ್ಚು ಕಾಲ ಬೇಕಾಯಿತು.

1989ರ ಮಾರ್ಚ್ 13ರಂದು ಈ ಪ್ರವಾಹಗಳು ತೀವ್ರವಾಗಿ ಏರುಪೇರಾದಾಗ, ನೆಲದಲ್ಲಿ ಪ್ರೇರಿತವಾದ ವಿದ್ಯುತ್ತು ಕೆನಡಾದ ಕ್ವಿಬೆಕ್ ಪ್ರಾಂತ್ಯದ ಟ್ರಾನ್ಸ್‌ಫಾರ್ಮರ್‌ಗಳಿಗೆ ನುಗ್ಗಿ, ಸುಮಾರು 90 ಸೆಕೆಂಡುಗಳಲ್ಲಿ ವಿದ್ಯುತ್ ಜಾಲವೇ ಕುಸಿದು, 60 ಲಕ್ಷ ಜನ ಸುಮಾರು 9 ತಾಸು ಕತ್ತಲಲ್ಲಿದ್ದರು.

ಚಿತ್ರದಲ್ಲಿನ ಬೆಳಕನ್ನು ಇಂತಹ ವಿದ್ಯುತ್ ಏರುಪೇರುಗಳೊಂದಿಗೆ ಹೋಲಿಸಲು ಅದು ಯಾವಾಗ, ಎಲ್ಲಿ ಕಂಡಿತೆಂಬುದು ತಿಳಿದಿರಬೇಕು. ಆದ್ದರಿಂದ, 2024ರ ಮೇ ತಿಂಗಳಲ್ಲಿ ಲಡಾಖಿನ ಹಾನ್ಲೆಯ ದಿಗಂತದಲ್ಲಿ ಕಂಡಂತಹ ಕೆಂಪು ಬೆಳಕಿನ ಚಿತ್ರಗಳನ್ನು ಹಂಚುವವರು ದಿನಾಂಕ, ಸಮಯ ಮತ್ತು ಸ್ಥಳವನ್ನು ತಪ್ಪದೇ ನಮೂದಿಸಬೇಕೆಂದು ಕೋರುತ್ತೇನೆ.