ಎಡವುಗಲ್ಲಿನ ಹಿತ್ತಾಳೆ: ಮಗಳಿಗೊಂದು ಪತ್ರ

ಮಂಗಳೂರು
ಸೆಪ್ಟೆಂಬರ್ 28

ಚಿ. ಮಗಳಿಗೆ ಅಪ್ಪನ ಆಶೀರ್ವಾದಗಳು.

ನಾವಿಬ್ಬರೂ ಇಲ್ಲಿ ಕ್ಷೇಮ. ಮಳೆ ಹಿಂದೆ ಸರಿಯುತ್ತಿದೆ. ನವರಾತ್ರಿಯ ಮುಂಚಿನ ವ್ಯಾಪಾರ ಅಂಗಡಿಯಲ್ಲಿ ತಕ್ಕಮಟ್ಟಿಗೆ ನಡೆಯುತ್ತಿದೆ. ಜರ್ಮನಿಯ ಫ್ರೈಬುರ್ಗಿನ ನಿನ್ನ ಬಾಡಿಗೆ ಮನೆಯ ಬಾಗಿಲಿನೆದುರು ನೆಲದಲ್ಲಿ ಹೂತಿಟ್ಟ ಎರಡು ಹಿತ್ತಾಳೆ ತಗಡುಗಳ ಚಿತ್ರ ಕಳುಹಿಸಿ, ಅದರ ಮೇಲಿನ ಬರಹವನ್ನು ಕನ್ನಡದಲ್ಲಿ ಓದಿ ಹೇಳಿದೆಯಲ್ಲ, ಅಂದಿನಿಂದ ಅದು ನನ್ನ ತಲೆಯಿಂದ ಹೋಗಿಲ್ಲ. ಇಲ್ಲಿ ವಾಸವಾಗಿದ್ದರು, ಹುಟ್ಟಿದ ವರ್ಷ ಇಂಥದು, 1940ರಲ್ಲಿ ಗುರ್ಸ್‌ಗೆ ಗಡೀಪಾರು, 1942ರಲ್ಲಿ ಔಶ್ವಿಟ್ಜ್‌ನಲ್ಲಿ ಕೊಲೆ. ಹಿಟ್ಲರನ ನಾಜಿಗಳು ಕೊಂದ ಯಹೂದಿಗಳು ಅವರು; ಎರಡರಲ್ಲೂ ಮನೆತನದ ಹೆಸರು ಒಂದೇ ಆದ್ದರಿಂದ ಗಂಡಹೆಂಡಿರೇ ಇರಬೇಕು. ಆಗ ನೀನು, "ಅಪ್ಪಾ, ಇವರು ಮೊದಲೇ ಎಲ್ಲಿಗಾದರೂ ಹೋಗಿಬಿಡಬಹುದಿತ್ತಲ್ಲ?" ಎಂದು ಕೇಳಿದೆ. ದೂರವಾಣಿಯಲ್ಲಿ ನಾನು ಏನೋ ಒಂದು ಹೇಳಿ ಮಾತು ತೇಲಿಸಿದೆ. ಆ ಪ್ರಶ್ನೆಗೆ ಎರಡೂವರೆ ಸಾವಿರ ವರ್ಷಗಳ ಉತ್ತರವಿರುವುದರಿಂದ ಈ ಕಾಗದ ಬರೆಯುತ್ತಿದ್ದೇನೆ.

ಗುಂಟರ್ ಡೆಮ್ನಿಗ್ ಎಂಬ ಕಲಾವಿದ 1992ರಲ್ಲಿ ಆರಂಭಿಸಿದ ಕೆಲಸ ಅದು. ಹತ್ತು ಸೆಂಟಿಮೀಟರ್ ಅಗಲದ ಕಾಂಕ್ರೀಟ್ ಗಟ್ಟಿ, ಅದರ ತಲೆಯ ಮೇಲೆ ಹಿತ್ತಾಳೆ ತಗಡು, ಅದರಲ್ಲಿ ಒಂದೊಂದೇ ಅಕ್ಷರವನ್ನು ಕೈಯಿಂದ ಬಡಿದು ಮೂಡಿಸಿದ ಹೆಸರು. ಸತ್ತವರು ತಾವಾಗಿ ಆರಿಸಿಕೊಂಡು ಬಾಳಿದ ಕೊನೆಯ ಮನೆಯ ಮುಂದೆಯೇ ಅದನ್ನು ಹೂಳುತ್ತಾರೆ. ಯುರೋಪಿನಲ್ಲಿ ಈಗ ಅಂಥವು ಒಂದು ಲಕ್ಷಕ್ಕೂ ಹೆಚ್ಚಿವೆ. ಅದರ ಜರ್ಮನ್ ಹೆಸರಾದ ಸ್ಟೋಲ್ಪರ್‌ಸ್ಟೈನ್ ಎಂಬುದರ ಅರ್ಥ ಎಡವುಗಲ್ಲು ಎಂದು ನೀನು ಹೇಳಿದಾಗ, ಹೆಸರಿಟ್ಟವನು ಮಾತಿನ ತೂಕ ಬಲ್ಲವನು ಅನ್ನಿಸಿತು.

ಹಿತ್ತಾಳೆ ನನಗೆ ಗೊತ್ತಿರುವ ಲೋಹವಾದ್ದರಿಂದ ಅಲ್ಲಿಂದಲೇ ತೊಡಗುತ್ತೇನೆ. ನಮ್ಮ ಅಂಗಡಿಗೆ ಜನ ಒಡೆದ ಗಿಂಡಿ, ತಳ ಹೋದ ಹರಿವಾಣ ತಂದು ತೂಕಕ್ಕೆ ಹಾಕಿ, ಮಜೂರಿ ಕೊಟ್ಟು ಹೊಸತು ಮಾಡಿಸಿಕೊಂಡು ಹೋಗುವುದನ್ನು ನೀನು ಚಿಕ್ಕಂದಿನಿಂದ ಕಂಡಿದ್ದೀಯೆ. ಇದೇ ಮಂಗಳೂರಿನಲ್ಲಿ ಸುಮಾರು ಒಂಬತ್ತು ಶತಮಾನಗಳ ಹಿಂದೆ ಇದೇ ವ್ಯವಹಾರವನ್ನು ಒಬ್ಬ ಯಹೂದಿ ನಡೆಸುತ್ತಿದ್ದ. ಅವನ ಹೆಸರು ಅಬ್ರಹಾಂ ಬೆನ್ ಯಿಜು. ಉತ್ತರ ಆಫ್ರಿಕದ, ಇಂದಿನ ಟ್ಯುನೀಸಿಯದ ಮಹ್ದಿಯಾ ಪಟ್ಟಣದವನು. ಏಡನ್ನಿನ ಅವನ ವ್ಯಾಪಾರಿ ಮಿತ್ರರು ತಾಮ್ರವನ್ನೂ ಹಳೆಯ ಪಾತ್ರೆಗಳನ್ನೂ ಹಡಗಿನಲ್ಲಿ ಕಳುಹಿಸಿ, ದೀಪ, ಹೂಜಿ, ಬೋಗುಣಿಗಳನ್ನು ಇಂಥ ಆಕಾರದಲ್ಲಿ ಮಾಡಿಸಿ ಕಳುಹಿಸೆಂದು ಬರೆಯುತ್ತಿದ್ದರು. ಇವನು ಅವುಗಳ ಜೊತೆಗೆ ಕರಿಮೆಣಸು, ಅಡಿಕೆ, ಕಬ್ಬಿಣವನ್ನೂ ಕಳುಹಿಸುತ್ತಿದ್ದ. ಅಲ್ಲಿಂದ ಅವನ ಮನೆಗೆ ಸಕ್ಕರೆ, ಒಣದ್ರಾಕ್ಷಿ, ಸಾಬೂನು, ಬರೆಯಲು ಕಾಗದ ಬರುತ್ತಿದ್ದವು. ದೇವರ ಹೆಸರಿರಬಹುದಾದ ಯಾವ ಬರಹವನ್ನೂ ಎಸೆಯಬಾರದೆಂಬುದು ಯಹೂದಿಗಳ ಕಟ್ಟಳೆಯಾದ್ದರಿಂದ, ಹಳೆಯ ಕೈರೋದ ಬೆನ್ ಎಜ್ರಾ ಸಿನಗಾಗಿನ, ಅಂದರೆ ಯಹೂದಿ ಪ್ರಾರ್ಥನಾಮಂದಿರದ, ಒಂದು ಕತ್ತಲೆಕೋಣೆಯಲ್ಲಿ ಇವನ ಕಾಗದಗಳೂ ಲಕ್ಷಾಂತರ ಇತರ ಚೂರುಗಳ ಜೊತೆ ಉಳಿದುಕೊಂಡವು.

ಅವುಗಳಲ್ಲಿ 1132ರ ಅಕ್ಟೋಬರದಲ್ಲಿ ಮಂಗಳೂರಿನಲ್ಲಿ ಬರೆದ ಒಂದು ಪತ್ರವಿದೆ. ಆಶು ಎಂಬ ದಾಸಿಯನ್ನು ಬೆನ್ ಯಿಜು ಬಿಡುಗಡೆ ಮಾಡಿದ ಪತ್ರ ಅದು. ಅವಳನ್ನೇ ಅವನು ಮದುವೆಯಾದನೆಂದು ವಿದ್ವಾಂಸರು ತಿಳಿಯುತ್ತಾರೆ. ಸ್ವಾತಂತ್ರ್ಯದ ಚರಿತ್ರೆಯನ್ನು ಹೇಳಹೊರಟ ನನಗೆ, ನಮ್ಮೂರಿನಲ್ಲಿ ಸಿಕ್ಕಿದ ಮೊದಲ ಸ್ವಾತಂತ್ರ್ಯಪತ್ರವೇ ಒಬ್ಬಳನ್ನು ಕೊಂಡುಕೊಂಡವನು ಬರೆದದ್ದು ಎಂಬುದು ಸ್ವಲ್ಪ ಮುಜುಗರದ ಸಂಗತಿ, ಆದರೂ ಮುಚ್ಚಿಡಲಾರೆ. ನಾನು ನಿನಗೆ ತೋರಿಸಬೇಕೆಂದಿರುವುದು ಆ ಪತ್ರದ ತಲೆಬರಹ. ಮಂಗಳೂರನ್ನು ಮಹಾಸಮುದ್ರದ ದಡದ ರಾಜಪಟ್ಟಣವೆಂದು ಕರೆದು, ಅದು ಬಾಗ್ದಾದಿನಲ್ಲಿದ್ದ ಯಹೂದಿ ಮುಖಂಡನ, ಅಂದರೆ ಚದುರಿದ ಇಸ್ರೇಲಿನ ಮುಖ್ಯಸ್ಥನ, ಅಧಿಕಾರಕ್ಕೆ ಒಳಪಟ್ಟದ್ದೆಂದು ಅದು ಹೇಳುತ್ತದೆ. ಆದರೆ ಆಗ ತುಳುನಾಡಿನಲ್ಲಿ ಆಳುತ್ತಿದ್ದವರು ಆಳುಪರು. ಸೈನ್ಯವಿಲ್ಲದ, ಗಡಿಯಿಲ್ಲದ, ಒಂದು ಮುಡಿಗದ್ದೆಯೂ ಇಲ್ಲದ ಒಂದು ದೇಶ ಆ ಕಾಗದದ ಮೇಲೆ ಇತ್ತು.

ಅಂಥ ದೇಶವನ್ನು ಅವರು ಕಟ್ಟಲು ಕಲಿತದ್ದು ಬ್ಯಾಬಿಲೋನಿನಲ್ಲಿ. ಕ್ರಿ.ಪೂ. 586ರ ಸುಮಾರಿಗೆ ನೆಬುಕದ್ನೆಚ್ಚರ್ ಜೆರುಸಲೇಮಿನ ದೇವಾಲಯವನ್ನು ಕೆಡವಿ ಜನರನ್ನು ಸೆರೆಯೊಯ್ದಾಗ, ಅವರಿಗೆ ಎರಡು ಮಾತುಗಳು ಕೇಳಿಬಂದವು. ಒಂದು, ಪ್ರವಾದಿ ಯೆರೆಮೀಯನು ಬರೆದು ಕಳುಹಿಸಿದ ಕಾಗದ: ಅಲ್ಲಿಯೇ ಮನೆ ಕಟ್ಟಿಕೊಳ್ಳಿ, ತೋಟ ಮಾಡಿ ಹಣ್ಣು ತಿನ್ನಿ, ಮಕ್ಕಳ ಮದುವೆ ಮಾಡಿ, ನೀವಿರುವ ಊರಿಗೆ ಒಳಿತನ್ನು ಬೇಡಿ. ಇನ್ನೊಂದು, ಆ ನದಿಗಳ ದಡದಲ್ಲಿ ಕುಳಿತವರ ಹಾಡು: ಜೆರುಸಲೇಮೇ, ನಿನ್ನನ್ನು ಮರೆತರೆ ನನ್ನ ಬಲಗೈ ಸೋತುಹೋಗಲಿ. ಯಹೂದಿಗಳು ಮುಂದೆ ಬಾಳಿದ ಬಾಳೆಲ್ಲ ಈ ಎರಡು ಮಾತುಗಳನ್ನೂ ಒಟ್ಟಿಗೆ ಉಳಿಸಿಕೊಳ್ಳುವ ಹೆಣಗಾಟವೆಂದು ನಾನು ತಿಳಿದಿದ್ದೇನೆ. ಪಾರಸಿಕರ ದೊರೆ ಸೈರಸ್ ಅವರಿಗೆ ಹಿಂದಿರುಗಲು ಅಪ್ಪಣೆ ಕೊಟ್ಟ. ಎಷ್ಟೋ ಮಂದಿ ಹೋದರು, ಎಷ್ಟೋ ಮಂದಿ ಅಲ್ಲಿಯೇ ಉಳಿದರು. ಕಟ್ಟಿದ ಎರಡನೆಯ ದೇವಾಲಯವನ್ನು ಕ್ರಿ.ಶ. 70ರಲ್ಲಿ ರೋಮನ್ನರು ಸುಟ್ಟರು. 135ರಲ್ಲಿ ಬಾರ್ ಕೊಖ್ಬ ಎಂಬ ಯಹೂದಿ ನಾಯಕನ ದಂಗೆಯನ್ನು ಹತ್ತಿಕ್ಕಿದ ಮೇಲೆ ಜೆರುಸಲೇಮಿಗೆ ಕಾಲಿಡಬಾರದೆಂದರು, ಊರಿನ ಹೆಸರನ್ನೇ ಬದಲಿಸಿದರು.

ಹೆಸರು ಬದಲಾದ ಊರು ಅವರ ಪಂಚಾಂಗದಲ್ಲಿ ಮಾತ್ರ ಹಾಗೆಯೇ ಉಳಿಯಿತು. ಪಾಸ್ಕ ಹಬ್ಬದ ರಾತ್ರಿ ಮನೆಯ ಅತಿ ಚಿಕ್ಕ ಮಗು, ಈ ರಾತ್ರಿ ಉಳಿದ ರಾತ್ರಿಗಳಂತೆ ಏಕಿಲ್ಲ ಎಂದು ಕೇಳುತ್ತದೆ; ಹಿರಿಯರು ಈಜಿಪ್ಟಿನ ದಾಸ್ಯದಿಂದ ಬಿಡುಗಡೆಯಾದ ಕಥೆಯನ್ನು, ತಾವೇ ನಿನ್ನೆ ಅಲ್ಲಿಂದ ಹೊರಟುಬಂದವರಂತೆ ಹೇಳಬೇಕು; ಕೊನೆಯಲ್ಲಿ, ಮುಂದಿನ ವರ್ಷ ಜೆರುಸಲೇಮಿನಲ್ಲಿ ಎನ್ನಬೇಕು. ನನ್ನನ್ನು ಇದಕ್ಕಿಂತಲೂ ಹಿಡಿದು ನಿಲ್ಲಿಸಿದ್ದು ಅವರ ಮಳೆಯ ಪ್ರಾರ್ಥನೆ. ಪರ್ಣಶಾಲೆಗಳ ಹಬ್ಬದ ಕೊನೆಗೆ, ಅಕ್ಟೋಬರದ ಆಸುಪಾಸಿನಲ್ಲಿ, ಲೋಕದ ಯಾವ ಮೂಲೆಯಲ್ಲಿದ್ದರೂ ಯಹೂದಿಗಳು ಮಳೆಗಾಗಿ ಬೇಡುತ್ತಾರೆ, ಏಕೆಂದರೆ ಜೆರುಸಲೇಮಿನ ಸುತ್ತಲಿನ ಹೊಲಗಳಿಗೆ ಮಳೆ ಬರಬೇಕಾದ ಕಾಲ ಅದು. ಯೋಚಿಸಿ ನೋಡು: ನಾಲ್ಕು ತಿಂಗಳು ಬಿಡದೆ ಸುರಿದ ಮಳೆ ನಿಂತು, ನಾವು ಮಂಗಳೂರಿನವರೆಲ್ಲ ಹಾಸಿಗೆ ಬಿಸಿಲಿಗೆ ಹಾಕುವ ಹೊತ್ತಿನಲ್ಲಿ, ಬೆನ್ ಯಿಜು ತನ್ನ ಮನೆಯಲ್ಲಿ ನಿಂತು ಮಳೆ ಬರಲಿ ಎಂದು ಪ್ರಾರ್ಥಿಸಿರಬೇಕು! ಹೋಗಿ ನೋಡೋಣವೆಂದರೆ ಆ ಜೆರುಸಲೇಮ್ ಆಗ ಕ್ರುಸೇಡಿನ ಕ್ರೈಸ್ತರ ಕೈಯಲ್ಲಿತ್ತು. 1099ರಲ್ಲಿ ಅಲ್ಲಿದ್ದ ಯಹೂದಿಗಳನ್ನು ಕೊಂದು, ಉಳಿದವರು ನೆಲೆಸದಂತೆ ಮಾಡಿದ್ದರು.

ಅವನು ಹದಿನೇಳು ವರ್ಷ ಇಲ್ಲಿದ್ದು 1149ರಲ್ಲಿ ಮಗ ಮತ್ತು ಮಗಳೊಂದಿಗೆ ಏಡನ್ನಿಗೆ ಹೊರಟುಹೋದ. ಅಷ್ಟರಲ್ಲಿ ಸಿಸಿಲಿಯ ನಾರ್ಮನ್ನರು ಮಹ್ದಿಯಾವನ್ನು ಗೆದ್ದುಕೊಂಡು, ಅವನ ಒಡಹುಟ್ಟಿದವರು ಕೈಬರಿದಾಗಿ ಸಿಸಿಲಿಗೆ ಹೋಗಿ ಬಿದ್ದಿದ್ದರು. ಬನ್ನಿ, ನಮಗೆಲ್ಲರಿಗೂ ಸಾಲುವಷ್ಟಿದೆ, ನನ್ನ ಮಗಳನ್ನು ನಿಮ್ಮ ಮಗನಿಗೇ ಕೊಡುತ್ತೇನೆ ಎಂಬರ್ಥದ ಕಾಗದವನ್ನು ಅವನು ಅವರಿಗೆ ಬರೆದ. ಮಂಗಳೂರಿನಲ್ಲಿ ಬೆಳೆದ ಆ ಹುಡುಗಿಯ ಮದುವೆ 1156ರಲ್ಲಿ ಈಜಿಪ್ಟಿನಲ್ಲಿ, ಆ ಸೋದರನ ಮಗನೊಡನೆಯೇ ಆಯಿತು. ಅವಳಿಗೆ ಯಾವುದು ತಾಯ್ನಾಡೆನ್ನಿಸುತ್ತಿತ್ತೋ ಯಾರೂ ಕೇಳಿರಲಾರರು.

ಮನೆ ಕಟ್ಟಿಕೊಳ್ಳಿ ಎಂಬ ಯೆರೆಮೀಯನ ಮಾತನ್ನು ಯುರೋಪು ಬಹಳ ಕಾಲ ನಡೆಯಗೊಡಲಿಲ್ಲ. ಇಂಗ್ಲೆಂಡ್ ಅವರನ್ನು 1290ರಲ್ಲಿ ಹೊರಹಾಕಿತು, ಸ್ಪೇನ್ 1492ರಲ್ಲಿ. ವೆನಿಸ್ 1516ರಲ್ಲಿ ರಾತ್ರಿ ಬಾಗಿಲು ಹಾಕುವ ಕೇರಿಯೊಳಗೆ ಇಟ್ಟಿತು. ಆದ್ದರಿಂದ ನೀನಿರುವ ಬಾಡನ್ ಸೀಮೆಯಲ್ಲಿ 1862ರಲ್ಲಿ ಅವರಿಗೆ ಸಮಾನ ಪೌರತ್ವ ದೊರೆತಾಗ, ಅವರು ಅದನ್ನು ಮನಸಾರೆ ನಂಬಿದರು. ಮೊದಲನೆಯ ಮಹಾಯುದ್ಧದಲ್ಲಿ ಸುಮಾರು ಒಂದು ಲಕ್ಷ ಯಹೂದಿಗಳು ಜರ್ಮನ್ ಸೈನ್ಯದಲ್ಲಿದ್ದರು, ಹನ್ನೆರಡು ಸಾವಿರದಷ್ಟು ಮಂದಿ ಸತ್ತರು. ಅವರೇಕೆ ಮೊದಲೇ ಹೋಗಲಿಲ್ಲ ಎಂಬುದಕ್ಕೆ ಅರ್ಧ ಉತ್ತರ ಇದು: ಅದು ಅವರ ಊರಾಗಿತ್ತು.

ನಂಬದವರೂ ಇದ್ದರು. ಫ್ರೈಬುರ್ಗಿನಿಂದ ರೈಲಿನಲ್ಲಿ ಗಂಟೆಯೊಳಗೆ ತಲುಪಬಹುದಾದ ಬಾಸೆಲ್‌ಗೆ ನೀನು ಹೋದಾಗ, ಥಿಯೊಡೋರ್ ಹರ್ಜ್ಲ್ 1897ರ ಆಗಸ್ಟಿನಲ್ಲಿ ಮೊದಲ ಜಿಯೋನಿಸ್ಟ್ ಮಹಾಸಭೆಯನ್ನು, ಅಂದರೆ ಯಹೂದಿಗಳಿಗೆ ತಮ್ಮದೇ ನಾಡು ಬೇಕೆನ್ನುವವರ ಸಭೆಯನ್ನು, ಕೂಡಿಸಿದ ಸಭಾಂಗಣವನ್ನು ನೋಡು. ಪ್ಯಾರಿಸ್ಸಿನಲ್ಲಿ ಡ್ರೈಫಸ್ ಎಂಬ ಯಹೂದಿ ಸೇನಾಧಿಕಾರಿಗೆ ಸುಳ್ಳು ಆರೋಪದ ಮೇಲೆ ಶಿಕ್ಷೆಯಾದದ್ದನ್ನು ಪತ್ರಕರ್ತನಾಗಿ ವರದಿ ಮಾಡಿದವನು ಅವನು. ಪೌರತ್ವ ಸಾಲದು, ರಾಜ್ಯವೇ ಬೇಕು ಎಂದು ವಾದಿಸಿದ. 1903ರಲ್ಲಿ ರಷ್ಯದ ಕಿಶಿನೇವಿನಲ್ಲಿ ಹತ್ಯಾಕಾಂಡ ನಡೆದು 49 ಮಂದಿ ಸತ್ತ ಕೆಲವೇ ತಿಂಗಳಲ್ಲಿ, ಬ್ರಿಟಿಷರು ಪೂರ್ವ ಆಫ್ರಿಕದಲ್ಲಿ ಜಾಗ ಕೊಡುತ್ತೇವೆಂದಾಗ, ಹರ್ಜ್ಲ್ ಅದನ್ನು ಬಾಸೆಲ್ಲಿನ ಸಭೆಯ ಮುಂದಿಟ್ಟ. ಪರಿಶೀಲಿಸೋಣವೆಂದವರು 295, ಬೇಡವೆಂದವರು 178. ಬೇಡವೆಂದು ಎದ್ದು ಹೊರನಡೆದವರು ರಷ್ಯದ ಪ್ರತಿನಿಧಿಗಳು, ಕಿಶಿನೇವಿನವರೂ ಸೇರಿದಂತೆ. ಬೆಂಕಿ ಬಿದ್ದ ಮನೆಯವರೇ ಸಿಕ್ಕ ಆಸರೆಯನ್ನು ಬೇಡವೆಂದದ್ದು ಹರ್ಜ್ಲ್‌ಗೆ ಅರ್ಥವಾಗಲಿಲ್ಲ. ಆ ಮಳೆಯ ಪ್ರಾರ್ಥನೆಯನ್ನು ಬಲ್ಲವನಿಗೆ ಅದು ಅರ್ಥವಾಗುತ್ತದೆ. ನಿನ್ನ ಪ್ರಶ್ನೆಯಲ್ಲಿನ "ಎಲ್ಲಿಗಾದರೂ" ಎಂಬ ಪದವನ್ನು ಅವರು ಒಪ್ಪಿರಲಿಲ್ಲ.

ಆದರೆ ಹಿಟ್ಲರನ ಆಳ್ವಿಕೆಯಲ್ಲಿ 1938ರ ಹೊತ್ತಿಗೆ ಜರ್ಮನಿಯ ಯಹೂದಿಗಳು ಎಲ್ಲಿಗಾದರೂ ಸರಿ ಎನ್ನುವ ಸ್ಥಿತಿಗೆ ಬಂದಿದ್ದರು. ಆ ಜುಲೈಯಲ್ಲಿ ಜಿನೀವಾ ಸರೋವರದ ದಡದ ಏವಿಯಾಂನಲ್ಲಿ 32 ದೇಶಗಳು ಸೇರಿ ಅನುಕಂಪ ಸೂಚಿಸಿದವು. ಡೊಮಿನಿಕನ್ ಗಣರಾಜ್ಯವೊಂದು ಬಿಟ್ಟರೆ, ಬನ್ನಿ ಎಂದು ಬಾಗಿಲು ತೆರೆದವರಿಲ್ಲ. 1939ರ ಮೇಯಲ್ಲಿ ಬ್ರಿಟಿಷರು ತಮ್ಮ ಆಳ್ವಿಕೆಯಲ್ಲಿದ್ದ ಪ್ಯಾಲೆಸ್ಟೈನಿಗೆ, ಅಂದರೆ ಆ ಜೆರುಸಲೇಮಿನ ನಾಡಿಗೆ, ಐದು ವರ್ಷಗಳಲ್ಲಿ 75,000 ಮಂದಿಗಿಂತ ಹೆಚ್ಚು ಬರುವಂತಿಲ್ಲವೆಂದರು. ಅದೇ ತಿಂಗಳು ಹ್ಯಾಂಬುರ್ಗ್‌ನಿಂದ 937 ಪ್ರಯಾಣಿಕರೊಡನೆ ಹೊರಟ ಸೇಂಟ್ ಲೂಯಿ ಎಂಬ ಹಡಗನ್ನು ಕ್ಯೂಬಾ ಬರಗೊಡಲಿಲ್ಲ, ಅಮೆರಿಕವೂ ಬರಗೊಡಲಿಲ್ಲ. ಅದು ಯುರೋಪಿಗೇ ಮರಳಿತು. ನಮ್ಮ ಗಾಂಧೀಜಿ 1938ರ ನವೆಂಬರದಲ್ಲಿ ಜರ್ಮನಿಯ ಯಹೂದಿಗಳು ಅಲ್ಲಿಯೇ ನಿಂತು ಸತ್ಯಾಗ್ರಹ ಮಾಡಲಿ ಎಂದು ಬರೆದರು. ಅವರ ಮೇಲಿನ ಗೌರವದಿಂದಲೇ ಹೇಳುತ್ತೇನೆ, ಆ ಸಲಹೆ ನನಗೆ ಎಂದೂ ಒಪ್ಪಿಗೆಯಾಗಿಲ್ಲ. ಪ್ಯಾಲೆಸ್ಟೈನ್ ಅಲ್ಲಿನ ಅರಬರದು ಎಂದು ಅದೇ ಲೇಖನದಲ್ಲಿ ಅವರು ಹೇಳಿದ ಮಾತನ್ನು ಮಾತ್ರ ಅಷ್ಟು ಸುಲಭವಾಗಿ ತಳ್ಳಿಹಾಕಲಾರೆ.

ನಿನ್ನ ಮನೆಯ ಆ ಇಬ್ಬರನ್ನು ಒಯ್ದದ್ದು 1940ರ ಅಕ್ಟೋಬರ್ 22ರಂದು ಇರಬೇಕು. ಬಾಡನ್ ಮತ್ತು ನೆರೆಯ ಸೀಮೆಗಳಿಂದ ಸುಮಾರು 6,500 ಯಹೂದಿಗಳನ್ನು ಆ ದಿನ ಗಂಟೆ ಎರಡು ಗಂಟೆಗಳ ಅವಧಿ ಕೊಟ್ಟು, ತಲೆಗೆ ಐವತ್ತು ಕಿಲೋ ಸಾಮಾನು, ನೂರು ಮಾರ್ಕ್ ಹಣ ಮಾತ್ರ ಬಿಟ್ಟು, ಫ್ರಾನ್ಸಿನ ದಕ್ಷಿಣದ ಗುರ್ಸ್ ಶಿಬಿರಕ್ಕೆ ರೈಲಿನಲ್ಲಿ ಸಾಗಿಸಿದರು. ಪಂಚಾಂಗ ಹಿಡಿದು ಲೆಕ್ಕ ಹಾಕಿದೆ: ಪರ್ಣಶಾಲೆಗಳ ಹಬ್ಬ ಆಗ ನಡೆಯುತ್ತಿತ್ತು, ಮಳೆಗಾಗಿ ಪ್ರಾರ್ಥಿಸುವ ದಿನ ಅಕ್ಟೋಬರ್ 24, ಅವರು ಇನ್ನೂ ದಾರಿಯಲ್ಲಿದ್ದಾಗ ಬಂತು. ಗುರ್ಸ್‌ನಲ್ಲಿ ಅವರಿಗೆ ಸಿಕ್ಕಿದ್ದು ಮೊಣಕಾಲುದ್ದದ ಕೆಸರು. ಬದುಕುಳಿದವರಲ್ಲಿ ಅನೇಕರನ್ನು 1942ರಿಂದ ಔಶ್ವಿಟ್ಜ್‌ಗೆ ಕಳುಹಿಸಿದರು. ಒಟ್ಟು ಅರವತ್ತು ಲಕ್ಷ ಮಂದಿಯ ಹತ್ಯೆಯಾಯಿತು.

ಇಷ್ಟಾದ ಮೇಲೆ ಅವರಿಗೊಂದು ರಾಜ್ಯ ಬೇಡವೆನ್ನಲು ನನಗೆ ಬಾಯಿ ಬರುವುದಿಲ್ಲ. 1947ರ ನವೆಂಬರ್ 29ರಂದು ವಿಶ್ವಸಂಸ್ಥೆಯಲ್ಲಿ ಪ್ಯಾಲೆಸ್ಟೈನಿನ ವಿಭಜನೆಗೆ 33 ದೇಶಗಳು ಪರವಾಗಿ, ಭಾರತವೂ ಸೇರಿ 13 ವಿರುದ್ಧವಾಗಿ ಮತ ಹಾಕಿದವು. 1948ರ ಮೇ 14ರಂದು ಯಹೂದಿ ನಾಯಕ ಬೆನ್ ಗುರಿಯನ್ ಇಸ್ರೇಲನ್ನು ಘೋಷಿಸಿದ. ಆಗ ಯಹೂದಿಗಳಿಗೂ ಅರಬರಿಗೂ ನಡೆದ ಯುದ್ಧದಲ್ಲಿ ಸುಮಾರು ಏಳು ಲಕ್ಷ ಪ್ಯಾಲೆಸ್ಟೀನಿಯರು ಮನೆ ಕಳೆದುಕೊಂಡರು, ಮುಂದಿನ ವರ್ಷಗಳಲ್ಲಿ ಅರಬ್ ದೇಶಗಳ ಲಕ್ಷಾಂತರ ಯಹೂದಿಗಳೂ ತಮ್ಮ ಊರು ಬಿಟ್ಟರು. ಬಿಟ್ಟುಬಂದ ಮನೆಯ ಬೀಗದ ಕೈಯನ್ನು ಇಂದಿಗೂ ಕಾಪಾಡಿಕೊಂಡಿರುವ ಪ್ಯಾಲೆಸ್ಟೀನಿ ಕುಟುಂಬಗಳಿವೆ. ಅವರೂ ಎಲ್ಲಿಗಾದರೂ ಹೋಗಬಹುದಲ್ಲ ಎಂದು ಹೇಳುವವರನ್ನು ನಾನು ಕೇಳಿದ್ದೇನೆ. ಒಂದು ಜನ ಎರಡು ಸಾವಿರ ವರ್ಷ ಒಪ್ಪದ ಮಾತನ್ನು ಇನ್ನೊಂದು ಜನ ಏಕೆ ಒಪ್ಪಬೇಕು?

ನೀನು ಎಂಟನೆಯ ತರಗತಿಯಲ್ಲಿದ್ದಾಗ ಕೊಚ್ಚಿಯ ಮಟ್ಟಾಂಚೇರಿಯಲ್ಲಿ 1568ರ ಸಿನಗಾಗ್ ನೋಡಿದ್ದೆವು. ನೆಲದ ನೀಲಿ ಚೀನೀ ಹಂಚುಗಳಲ್ಲಿ ಒಂದರಂತೆ ಒಂದಿಲ್ಲವೆಂದು ನೀನು ಎಣಿಸುತ್ತ ಕುಳಿತೆ. ಕೊಚ್ಚಿಯ ಯಹೂದಿಗಳನ್ನು ಕೇರಳದ ಜನ ಓಡಿಸಲಿಲ್ಲ. ಆದರೂ 1950ರ ದಶಕದಲ್ಲಿ ಹೆಚ್ಚಿನವರು ಇಸ್ರೇಲಿಗೆ ಹೊರಟು, ಅನೇಕರು ನೆಗೆವ್ ಮರುಭೂಮಿಯ ನೆವಾಟಿಂನಂಥ ಹಳ್ಳಿಗಳಲ್ಲಿ ನೆಲೆಸಿದರು. ಅಕ್ಟೋಬರದ ಮಳೆಯನ್ನು ಅವರು ಈಗ ತಾವಿರುವ ನೆಲಕ್ಕೇ ಬೇಡುತ್ತಾರೆ.

ಕಲ್ಲುಗಳನ್ನು ಉಜ್ಜಿ ಬೆಳಗಿಸುವ ರೂಢಿ ಅಲ್ಲಿದೆಯೆಂದೂ, ಅಕ್ಟೋಬರ್ 22ಕ್ಕೆ ನೀನೂ ಮಾಡಬೇಕೆಂದಿರುವೆಯೆಂದೂ ಹೇಳಿದೆ. ಹಾಗಿದ್ದರೆ ಕೇಳು. ಸ್ಟೀಲಿನ ನಾರು ಮುಟ್ಟಿಸಬೇಡ, ಗೀರು ಬೀಳುತ್ತದೆ. ಹುಣಸೆಹಣ್ಣು ಸಿಕ್ಕಿದರೆ ಬಿಸಿನೀರಿನಲ್ಲಿ ಕಿವುಚಿ ಉಪ್ಪು ಬೆರೆಸಿ ಹಚ್ಚು, ಇಲ್ಲದಿದ್ದರೆ ನಿಂಬೆಹೋಳು ಸಾಕು. ಕೊಳೆ ಕೂರುವುದು ಅಕ್ಷರಗಳ ಗುಳಿಯಲ್ಲಿ. ಅದಕ್ಕೆ ಹಳೆಯ ಹಲ್ಲುಜ್ಜುವ ಬ್ರಷ್ ಒಳ್ಳೆಯದು. ಹುಳಿ ಒಂದಿಷ್ಟೂ ಉಳಿಯದಂತೆ ನೀರು ಹಾಕಿ ತೊಳೆದು, ಒಣಬಟ್ಟೆಯಿಂದ ಒರೆಸು. ತೇವ ಬಿಟ್ಟರೆ ಎರಡೇ ದಿನಕ್ಕೆ ಮತ್ತೆ ಕಪ್ಪಾಗುತ್ತದೆ.

ಇತಿ ನಿನ್ನ
ಅಪ್ಪ